ಚಿತ್ತೆ ತೇರು, ಚಿತ್ತೆ ಮಳೆ

(ಹಿರಿಯೂರಿನ ಒಂದು ಗ್ರಂಧಿಗೆ ಅಂಗಡಿ. ತಿಪ್ಪಣ್ಣನ ಕೈಯಲ್ಲಿ ಕೃಷ್ಣಗಿರಿಯ ಬೀಗರು ಕೊಟ್ಟ ತಮಿಳು ಪಂಚಾಂಗ.)

ತಿಪ್ಪಣ್ಣ: ಮೇಷ್ಟ್ರೇ, ನಮ್ ಬೀಗ್ರು ಎಲ್ಲಾದಕ್ಕೂ ತಡ ಅನ್ನೋದು ಗೊತ್ತಿತ್ತು. ಹೊಸ ವರ್ಷಕ್ಕೂ ತಡಾನೇ? 2025ರಾಗೆ ನಮ್ ಯುಗಾದಿ ಮಾರ್ಚ್ 30ಕ್ಕೇ ಮುಗೀತು, ಅವ್ರು ಏಪ್ರಿಲ್ 14ಕ್ಕೆ ಎದ್ರು!

ಮೇಷ್ಟ್ರು: ಅವರು ಕೂತಲ್ಲೇ ಕೂತಿದ್ದಾರೆ ತಿಪ್ಪಣ್ಣ, ಓಡಾಡೋದು ನಿನ್ನ ಯುಗಾದಿ. 2024ರಲ್ಲಿ ಏಪ್ರಿಲ್ 9, ಆಮೇಲೆ ಮಾರ್ಚ್ 30, 2026ಕ್ಕೆ ಮಾರ್ಚ್ 19. ನಾವು ಹಿಡಿದಿರೋದು ಚಂದ್ರನ ತಿಂಗಳು. ಹನ್ನೆರಡು ತಿಂಗಳು 354 ದಿನಕ್ಕೇ ಮುಗಿದುಹೋಗ್ತವೆ. ಬಾಕಿ ಬೆಳೆದಾಗ ಒಂದು ಅಧಿಕ ಮಾಸ ಹಾಕಿ ತೀರಿಸ್ತೀವಿ. ತಮಿಳರು ಸೂರ್ಯನನ್ನು ಹಿಡಿದರು. ಅವನು ಮೇಷಕ್ಕೆ ಕಾಲಿಟ್ಟರೆ ಚಿತ್ತಿರೈ. ಹೊತ್ತು ಮುಳುಗೋದರೊಳಗೆ ಇಟ್ಟರೆ ಅವತ್ತೇ ಒಂದನೇ ತಾರೀಖು, ಆಮೇಲೆ ಇಟ್ಟರೆ ಮಾರನೇ ದಿನ. ತುಳುನಾಡಿನ ಬಿಸು ಹಬ್ಬವೂ ಸೂರ್ಯನದೇ.

ತಿಪ್ಪಣ್ಣ: ಇರ್ಲಿ ಬಿಡಿ, ದುರ್ಗದ ಸೀಮೇರಿಗೆ ಯಾಕೆ ಆ ಲೆಕ್ಕ?

ಮೇಷ್ಟ್ರು: ಬಿತ್ತನೆಗೆ ಏನು ನೋಡ್ತೀಯ? ರೋಹಿಣಿ ಮಳೆ ಮೇ 25ರ ಸುಮಾರಿಗೆ, ಮೃಗಶಿರ ಜೂನ್ 8ರ ಸುಮಾರಿಗೆ. ಯಾವ ವರ್ಷವೂ ಅವು ಯುಗಾದಿಯ ಹಾಗೆ ಜಿಗಿಯಲ್ಲ. ಸೂರ್ಯ ಆ ನಕ್ಷತ್ರ ಹೊಕ್ಕ ದಿನ ಅದು. ಬೀಗರ ಲೆಕ್ಕ ನಿನ್ನ ಕೂರಿಗೆಯಲ್ಲೇ ಇದೆ! 2026ರ ಅಧಿಕ ಜ್ಯೇಷ್ಠ ಮೇ 17ರಿಂದ ಜೂನ್ 15. ರೋಹಿಣಿ ಪೂರ್ತಿ ಅದರ ಹೊಟ್ಟೆಯಲ್ಲಿ. ಅಧಿಕ ಮಾಸ ಅಂತ ಮಳೆ ರಜಾ ಹಾಕುತ್ತಾ?

ತಿಪ್ಪಣ್ಣ: ನಕ್ಷತ್ರ ಅಂದ್ರೆ ಚಂದ್ರಂದಲ್ವಾ? ನಾಯಕನಹಟ್ಟಿ ತೇರು ಎಳೆಯೋದೇ ಫಾಲ್ಗುಣದ ಚಿತ್ತಾ ನಕ್ಷತ್ರದಾಗೆ!

ಮೇಷ್ಟ್ರು: ಸರಿ, ಚಿತ್ತೆ ಮಳೆ ಯಾವಾಗ?

ತಿಪ್ಪಣ್ಣ: ಅಕ್ಟೋಬರ್‌ನಾಗೆ... ಅಯ್ಯೋ ಶಿವನೇ!

ಮೇಷ್ಟ್ರು: ನಕ್ಷತ್ರ ಒಂದೇ. ಅಲ್ಲಿಗೆ ಚಂದ್ರ ಬಂದಾಗ ತೇರು, ಸೂರ್ಯ ಬಂದಾಗ ಮಳೆ. ಇಪ್ಪತ್ತೇಳೂ ನಕ್ಷತ್ರ ಸುತ್ತೋಕೆ ಚಂದ್ರನಿಗೆ ತಿಂಗಳೂ ಬೇಡ, ಸೂರ್ಯನಿಗೆ ವರ್ಷ ಬೇಕು. ಅದಕ್ಕೇ ಒಂದೊಂದು ಮಳೆಗೆ ಹದಿಮೂರು, ಹದಿನಾಲ್ಕು ದಿನ.

ತಿಪ್ಪಣ್ಣ: ಅವ್ರದು ಬರೀ ಸೂರ್ಯ ಅಂದ್ರೆ ನರಕ ಚತುರ್ದಶಿ ನಮ್ ಜತೆಗೇ ಹೆಂಗ್ ಬರ್ತದೆ?

ಮೇಷ್ಟ್ರು: ಬರೀ ಸೂರ್ಯ ಅಂದೋರ್ಯಾರು? ತಿಂಗಳು ಸೂರ್ಯಂದು, ಹಬ್ಬದ ತಿಥಿ ಚಂದ್ರಂದು. ನಾವೂ ಸಂಕ್ರಾಂತಿಗೆ ಸೂರ್ಯನ ಮನೆ ಬಾಗಿಲು ತಟ್ಟೋರೇ. ಅವರ ತಾಪತ್ರಯ ಬೇರೆ. ಹಳೇ ವಾಕ್ಯ ಪಂಚಾಂಗ ಒಂದು, ಆಕಾಶಕ್ಕೆ ಹೊಂದಿಸಿ ತಿದ್ದಿದ ತಿರುಕ್ಕಣಿತ ಇನ್ನೊಂದು. ತಿಥಿ ಕೆಲವು ಗಂಟೆ ಹಿಂದೆಮುಂದೆ ಆಗಿ, ಒಮ್ಮೊಮ್ಮೆ ಒಂದೇ ಬೀದಿಯಲ್ಲಿ ಏಕಾದಶಿ ಎರಡು ದಿನ.

ತಿಪ್ಪಣ್ಣ: ಉಪವಾಸ ಎರಡು ಬ್ಯಾಡ ಮೇಷ್ಟ್ರೇ. ಹೋಳಿಗೆ ಎರಡು ಸಲ ಆದ್ರೆ ನಂದೇನೂ ತಕರಾರಿಲ್ಲ. 2026ಕ್ಕೆ ಎರಡು ಹೊಸ ವರ್ಷದ ಮಧ್ಯೆ ಎಷ್ಟು ದಿನ?

ಮೇಷ್ಟ್ರು: ಮಾರ್ಚ್ 19ಕ್ಕೆ ನಿಮ್ಮನೆ, ಏಪ್ರಿಲ್ 14ಕ್ಕೆ ಕೃಷ್ಣಗಿರಿ. ಇಪ್ಪತ್ತಾರು ದಿನ.

ತಿಪ್ಪಣ್ಣ: ಅಷ್ಟೊತ್ತಿಗೆ ಮೊದಲ್ನೇದು ಅರಗಿರ್ತದೆ.