ಸ್ಫಟಿಕಪುರಿಯ ಬಚ್ಚಲುಮನೆ

ಕರೆಂಟು ಹೋದ ಕೂಡಲೇ ನಮ್ಮ ಬೀದಿಯವರೆಲ್ಲ ಬಾಗಿಲಿಗೆ ಬಂದು ‘ನಿಮ್ಮನೇಲೂ ಇಲ್ವಾ?’ ಎಂದು ಕೇಳಿ ಸಮಾಧಾನ ಪಟ್ಟುಕೊಳ್ಳುತ್ತಾರೆ. ನಾನು ಕೂತಲ್ಲಿಂದಲೇ ನನ್ನ ರಾಜಧಾನಿಗೆ ಹೊರಟುಬಿಡುತ್ತೇನೆ. ಊರಿನ ಹೆಸರು ಸ್ಫಟಿಕಪುರಿ. ಗೋಡೆ, ಮಾಡು, ಮೆಟ್ಟಿಲು, ಕೊನೆಗೆ ಚರಂಡಿಯ ಮುಚ್ಚಳ ಕೂಡ ಸ್ಫಟಿಕದ್ದೇ. ಹಗಲೆಲ್ಲ ಬಿಸಿಲು ಕುಡಿದು ರಾತ್ರಿ ಬೆಳಗುತ್ತದೆ. ಬಿಸಿಲು ಸಾಲದ ದಿನ ಮಂತ್ರ. ಮೀಟರಿಲ್ಲ, ಬಿಲ್ಲಿಲ್ಲ. ಐವತ್ತು ದಾಟಿದ ಹೆಂಗಸು, ಬ್ಯಾಂಕಿನಲ್ಲಿ ಕೂತು ಕಂಡವರ ಗೃಹಸಾಲದ ಬಡ್ಡಿ ಲೆಕ್ಕ ಹಾಕುವವಳು, ಇಂಥದ್ದನ್ನೆಲ್ಲ ಕಟ್ಟಬಾರದು ಎಂದು ನನಗೂ ಗೊತ್ತು. ಆದರೆ ಸೈಟಿನ ರೇಟು ಕೇಳಿದ ಮೇಲೆ ತಲೆಯೊಳಗಲ್ಲದೆ ಇನ್ನೆಲ್ಲಿ ಕಟ್ಟಲಿ?

ಒಂದು ರಾತ್ರಿ ಇದನ್ನು ಅತ್ತೆಯವರಿಗೆ ಹೇಳಿದೆ. ಗೋಪುರಗಳು, ಕಾಮನಬಿಲ್ಲಿನ ಸೇತುವೆ, ಉಸಿರು ತಾಗಿದರೆ ನಾದ ಹೊರಡಿಸುವ ಕಂಬಗಳು, ಎಲ್ಲವನ್ನೂ ಬೀಸಣಿಗೆ ಬೀಸಿಕೊಳ್ಳುತ್ತಾ ಕೇಳಿದರು.

“ಎಲ್ಲಾ ಸರಿ. ಬಚ್ಚಲು ಎಲ್ಲಮ್ಮ?”

“ಅದೂ ಸ್ಫಟಿಕದ್ದೇ ಅತ್ತೆ.”

ಬೀಸಣಿಗೆ ನಿಂತಿತು. “ಅಂದ್ರೆ ಎದುರುಮನೆಯವರಿಗೆ ಕಾಣತ್ತೆ.”

“ಕಾಣಲ್ಲ. ಒಳಗೆ ಹೋಗಿ ಒಂದು ಮಂತ್ರ ಹೇಳಿದರೆ ಗೋಡೆ ಮಂಜು ಮಂಜಾಗತ್ತೆ.”

“ಎಷ್ಟು ಹೊತ್ತು ಇರತ್ತೆ?”

“ಅರ್ಧ ಗಂಟೆ.” ಧಾರಾಳವಾಗಿಯೇ ಕೊಟ್ಟಿದ್ದೆ.

“ಎಣ್ಣೆ ಸ್ನಾನಕ್ಕೆ ಸಾಲಲ್ಲ.”

ಒಂದು ಗಂಟೆ ಮಾಡಿದೆ. ಅತ್ತೆ ಸ್ವಲ್ಪ ಹೊತ್ತು ಸುಮ್ಮನಿದ್ದರು. ಗೆದ್ದೆ ಅಂದುಕೊಂಡೆ.

“ಅಲ್ಲಮ್ಮ, ಸ್ನಾನ ಆಗದೆ ಮಂತ್ರ ಹೇಗೆ ಹೇಳೋದು? ಮೈಲಿಗೆ.”

ಸ್ಫಟಿಕಪುರಿಯ ಇತಿಹಾಸದಲ್ಲೇ ಇಂಥ ಬಿಕ್ಕಟ್ಟು ಬಂದಿರಲಿಲ್ಲ. ಮಂತ್ರವಿಲ್ಲದೆ ಸ್ನಾನವಿಲ್ಲ, ಸ್ನಾನವಿಲ್ಲದೆ ಮಂತ್ರವಿಲ್ಲ. ಇಡೀ ಪ್ರಜಾಸ್ತೋಮ ಟವೆಲ್ಲು ಹೆಗಲಿಗೆ ಹಾಕಿಕೊಂಡು, ಚೊಂಬು ಹಿಡಿದು, ಫಳಫಳ ಹೊಳೆಯುವ ಬೀದಿಗಳಲ್ಲಿ ನನ್ನ ಆಜ್ಞೆಗೆ ಕಾಯುತ್ತಾ ನಿಂತುಬಿಟ್ಟಿತು. ಅದಾಗಲೇ ಸ್ನಾನ ಮಾಡಿದ ಪುರೋಹಿತರೊಬ್ಬರನ್ನು ನೇಮಿಸಿ, ಊರಿನವರ ಪರವಾಗಿ ಅವರೇ ಮಂತ್ರ ಹೇಳಲಿ ಎಂದೆ. “ಅವರೆಲ್ಲಿ ಮಾಡಿದ್ರು?” ಅಂದರು ಅತ್ತೆ. ಹೊಳೆಯಲ್ಲಿ ಎಂದೆ. “ಹೊಳೆ ನೀರೂ ಸ್ಫಟಿಕದ ಹಾಗೆ ತಿಳಿಯಾಗಿದೆ ಅಂತ ಆಗಲೇ ಹೇಳಿದೆಯಲ್ಲ?” ನಸುಕಿನಲ್ಲಿ, ಕತ್ತಲಲ್ಲಿ ಮಾಡಿದರು ಎಂದೆ. “ನಿಮ್ಮೂರಲ್ಲಿ ಕತ್ತಲೇ ಆಗಲ್ಲ ಅಂದೆ.” ಪುರೋಹಿತರು ರಾಜೀನಾಮೆ ಕೊಟ್ಟರು. ನರಕ ಚತುರ್ದಶಿ ಬೇರೆ ಹತ್ತಿರ ಬರುತ್ತಿತ್ತು. ಕಡೆಗೆ ಅತ್ತೆಯವರೇ ದೊಡ್ಡ ಮನಸ್ಸು ಮಾಡಿ ಪರಿಹಾರ ಹೇಳಿದರು: “ಬಚ್ಚಲಿಗೆ ಸುತ್ತ ತಗಡು ಹೊಡೆಸಿ, ಒಂದು ಚಿಲಕ ಹಾಕ್ಸು.” ಈಗ ನನ್ನ ರಾಜಧಾನಿಯ ಸೊಂಟದ ಮೇಲೆ, ಕಾಮನಬಿಲ್ಲಿನ ಸೇತುವೆ ಇಳಿದ ಕೂಡಲೇ, ತಗಡಿನ ಷೆಡ್ಡುಗಳ ಒಂದು ಸಾಲು ಇದೆ. ಚಿಲಕದ ಸದ್ದು ಅರಮನೆಗೆ ಕೇಳಿಸುತ್ತದೆ.

ಮಾನ ಉಳಿಸಿಕೊಳ್ಳಲು ಹಿಂದಿನವರೇನು ಮಾಡಿದ್ದರು ಎಂದು ಹುಡುಕಿದೆ. ಖಾಂಡವವನದ ಬೆಂಕಿಯಿಂದ ತಪ್ಪಿಸಿಕೊಂಡ ಮಯ ಬಿಂದುಸರಸ್ಸಿನಿಂದ ಸ್ಫಟಿಕ ತಂದು 14 ತಿಂಗಳಲ್ಲಿ ಸಭೆ ಕಟ್ಟಿದ. ಮಣಿಯ ತಾವರೆಗಳಿವೆ, ಮೀನು, ಆಮೆಗಳಿವೆ; ಬಚ್ಚಲು ನನ್ನ ಕಣ್ಣಿಗೆ ಬೀಳಲಿಲ್ಲ. ಲಂಡನ್ನಿನವರು ವಾಸಿ. 1851ರಲ್ಲಿ ಜೋಸೆಫ್ ಪ್ಯಾಕ್ಸ್‌ಟನ್ ಎಂಬ ತೋಟಗಾರ ಹೈಡ್ ಪಾರ್ಕಿನಲ್ಲಿ ಗಾಜಿನ ಕ್ರಿಸ್ಟಲ್ ಪ್ಯಾಲೇಸ್ ಎಬ್ಬಿಸಿದಾಗ, ಜಾರ್ಜ್ ಜೆನ್ನಿಂಗ್ಸ್ ಎಂಬಾತ ಅದರೊಳಗೆ ಫ್ಲಷ್ ಇರುವ ಶೌಚಾಲಯ ಕೂರಿಸಿದ. ಒಂದು ಪೆನ್ನಿ ಕೊಟ್ಟು 8,27,280 ಜನ ಹೋಗಿಬಂದರು. ಅತ್ತೆಗೆ ಕೊಹಿನೂರ್ ವಜ್ರವೂ ಅಲ್ಲೇ ಪ್ರದರ್ಶನಕ್ಕಿತ್ತು ಎಂದರೆ ಏನೂ ಅನ್ನಿಸಲಿಲ್ಲ. ಈ ಲೆಕ್ಕ ಕೇಳಿ ಮಾತ್ರ “ಬುದ್ಧಿವಂತರು” ಎಂದರು.

ಮಯಸಭೆಯ ಪ್ರಸಂಗದಲ್ಲಿ ನಾನು ಕೌರವನ ಪಕ್ಷ. ನೆಲವನ್ನು ನೀರೆಂದು ಬಗೆದು ಬಟ್ಟೆ ಎತ್ತಿಕೊಂಡ, ನೀರನ್ನು ನೆಲವೆಂದು ನಂಬಿ ಬಿದ್ದ, ಮುಚ್ಚಿದ ಬಾಗಿಲು ತೆರೆದಿದೆ ಎಂದು ನುಗ್ಗಿ ಹಣೆ ಹೊಡೆದುಕೊಂಡ. ಇದರಲ್ಲಿ ಅವನ ತಪ್ಪೇನು? ಬಿದ್ದಾಗ ನಕ್ಕವರು ಭೀಮಾದಿಗಳು, ಸೇವಕರು ಎಂದು ವ್ಯಾಸರು ಹೇಳುತ್ತಾರೆ. ಹಸ್ತಿನಾವತಿಗೆ ಹೋಗಿ ಅಪ್ಪನ ಹತ್ತಿರ ದೂರು ಹೇಳುವ ಹೊತ್ತಿಗೆ ಆ ಪಟ್ಟಿಗೆ ಕೃಷ್ಣನೂ ದ್ರೌಪದಿಯೂ ಅಂತಃಪುರದ ಹೆಂಗಸರೂ ಸೇರಿಕೊಂಡಿದ್ದಾರೆ. ಅವಮಾನಕ್ಕೆ ಸಾಕ್ಷಿಗಳು ದಾರಿಯಲ್ಲಿ ಹೆಚ್ಚುತ್ತಾರೆ. ಈ ಊರಿನ ಗಾಜಿನ ಆಫೀಸುಗಳಿಗೆ ಕಾಲಿಟ್ಟ ಯಾರನ್ನಾದರೂ ಕೇಳಿ. ಯಾವುದು ಬಾಗಿಲು, ಯಾವುದು ಗೋಡೆ, ತಳ್ಳಬೇಕೋ ಎಳೆಯಬೇಕೋ ತಿಳಿಯದೆ ನಿಂತಾಗ ಸೆಕ್ಯುರಿಟಿಯವನು ಮುಖ ಆಚೆ ತಿರುಗಿಸುತ್ತಾನಲ್ಲ, ಅವನೇ ಭೀಮ. ಬಯಲುಸೀಮೆಯ ಬಿಸಿಲನ್ನು ಗಾಜಿನಿಂದ ಒಳಗೆ ಕರೆದುಕೊಂಡು, ಆಮೇಲೆ ಏಸಿ ಹಾಕಿ ಓಡಿಸುವ ಬುದ್ಧಿವಂತಿಕೆ ಬೇರೆ. ಚಳಿ ದೇಶದ ಲಂಡನ್ನಿನವರೇ ಆ ಅರಮನೆಯ ಮಾಡಿನ ಮೇಲೆ ಕ್ಯಾನ್ವಾಸ್ ಬಟ್ಟೆ ಹೊದಿಸಿದ್ದರು.

ಮಯಸಭೆಯನ್ನು ಕಾಯಲು, ಹೊರಲು ಎಂಟು ಸಾವಿರ ಕಿಂಕರ ರಾಕ್ಷಸರಿದ್ದರಂತೆ. ಆ ಸಾಲನ್ನು ನಾನು ಯಾವಾಗಲೂ ಹಾರಿಸಿಕೊಂಡೇ ಓದುತ್ತಿದ್ದೆ. ಮೊನ್ನೆ ರಿಂಗ್ ರೋಡಿನಲ್ಲಿ ಬಸ್ಸು ಜಾಮಿನಲ್ಲಿ ನಿಂತಾಗ ತಲೆಯೆತ್ತಿ ನೋಡಿದರೆ, ಗಾಜಿನ ಕಟ್ಟಡವೊಂದರ ಎತ್ತರದಲ್ಲಿ ಹುಡುಗನೊಬ್ಬ ಹಗ್ಗಕ್ಕೆ ಜೋತುಬಿದ್ದು ಗಾಜು ಒರೆಸುತ್ತಿದ್ದ. ಸೊಂಟಕ್ಕೆ ಬಕೆಟ್ಟು. ಒರೆಸಿದ ಗಾಜಿನ ಆಚೆ ಯಾರೋ ಎದ್ದು ಬಂದು ಅವನ ಮುಖದ ಮೇಲೆಯೇ ಪರದೆ ಇಳಿಸಿದರು. ಮೀಟಿಂಗಿಗೆ ತೊಂದರೆಯಾಗಿರಬೇಕು. ಅವನು ಹಗ್ಗ ಸಡಿಲಿಸಿ ಪಕ್ಕದ ಗಾಜಿಗೆ ಹೋದ.

ಮನೆಗೆ ಬಂದವಳೇ, ಸ್ಫಟಿಕಪುರಿಯಲ್ಲಿ ಯಾರೂ ಹಗ್ಗಕ್ಕೆ ನೇತಾಡುವಂತಿಲ್ಲ ಎಂದು ಆಜ್ಞೆ ಹೊರಡಿಸಿದೆ.

“ಮತ್ತೆ ಒರೆಸೋದು ಯಾರು?” ಅಂದರು ಅತ್ತೆ.

“ಯಾರೂ ಇಲ್ಲ.”

“ಒಳ್ಳೇದೇ ಆಯ್ತು. ಎರಡು ತಿಂಗಳು ಧೂಳು ಕೂತರೆ ಗೋಡೆ ತಾನೇ ಮಂಜಾಗತ್ತೆ. ಮಂತ್ರವೂ ಬೇಡ, ತಗಡೂ ಬೇಡ.”

“ಆಮೇಲೆ ಬಿಸಿಲು ಒಳಗೆ ಇಳಿಯಲ್ಲ ಅತ್ತೆ. ಊರು ನಡೆಯೋದು ಹೇಗೆ?”

“ನಡೆದು ಎಲ್ಲಿಗೆ ಹೋಗಬೇಕು ಅದು? ಸ್ನಾನ ಆಯ್ತಲ್ಲ.”