ಕಾರ್ನಾಡ ಡಾಕ್ಟರ ಮಗ

ಧಾರವಾಡದಲ್ಲಿ ದೊಡ್ಡ ಮನುಷ್ಯನಾಗುವುದು ಬಹಳ ತ್ರಾಸಿನ ಕೆಲಸ. ಓಣಿಗೊಬ್ಬ ಕವಿ, ಗಲ್ಲಿಗೊಬ್ಬ ಗವಾಯಿ. ಜ್ಞಾನಪೀಠದ ಸುದ್ದಿ ಬಂದರೂ “ಹೌದನ?” ಅಂದು ಚಹಾ ಮುಗಿಸುವ ಊರು. ಹುಬ್ಬಳ್ಳಿ ಹಾಗಲ್ಲ, ರೊಕ್ಕ ಕೊಟ್ಟು ಸಿನಿಮಾ ನೋಡಿ, ಶಿಳ್ಳೆ ಹೊಡೆದು, ಗಿರಮಿಟ್ಟು ತಿಂದು ಮನೆಗೆ ಹೋಗುತ್ತದೆ. ಧಾರವಾಡ ನೋಡುವುದು ಕಡಿಮೆ, ವಿಮರ್ಶೆ ಜಾಸ್ತಿ. ಎರಡೂ ಊರಿಗೆ ಎಷ್ಟೋ ಕಾಲ ಒಂದೇ ಮಹಾನಗರ ಪಾಲಿಕೆಯಿತ್ತು, ಸ್ವಭಾವ ಮಾತ್ರ ಕೂಡಲೇ ಇಲ್ಲ.

ಇಂಥ ಊರಿನ ಹಳಬರಿಗೆ ನಾಟಕಕಾರ, ನಟ ಗಿರೀಶ ಕಾರ್ನಾಡರು ಮೊದಲು ಕಾರ್ನಾಡ ಡಾಕ್ಟರ ಮಗ, ಉಳಿದದ್ದೆಲ್ಲ ಆಮೇಲೆ. ಹುಟ್ಟಿದ್ದು 1938ರಲ್ಲಿ, ಮಾಥೇರಾನದಲ್ಲಿ. ಯಕ್ಷಗಾನ, ಕಂಪನಿ ನಾಟಕದ ಹುಚ್ಚು ಹತ್ತಿದ್ದು ಶಿರಸಿಯಲ್ಲಿ. ಮೀಸೆ ಮೂಡಿದ್ದು ಧಾರವಾಡದಲ್ಲಿ. ಆ ವಯಸ್ಸಿನಲ್ಲಿ ಅವರಿಗೊಂದು ಚಟವಿತ್ತು: ದೇಶವಿದೇಶದ ಪ್ರಸಿದ್ಧರ ಮುಖಚಿತ್ರ ಬರೆದು, ಸಹಿ ಹಾಕಿಕೊಡಿ ಎಂದು ಅವರಿಗೇ ಅಂಚೆಯಲ್ಲಿ ಕಳಿಸುವುದು. ಐರ್ಲೆಂಡಿನ ನಾಟಕಕಾರ ಶಾನ್ ಓಕೇಸಿ ಮರಳಿ ಬರೆದದ್ದು ಬುದ್ಧಿಮಾತು. ಮಂದಿಯ ಸಹಿ ಕೂಡಿಹಾಕುತ್ತ ಯಾಕೆ ಹೊತ್ತು ಕಳೆಯುತ್ತೀ, ನಿನ್ನ ಸಹಿಯನ್ನೇ ಜನ ಕೇಳುವಂಥದ್ದೇನಾದರೂ ಮಾಡು ಅಂತ. ನಮ್ಮ ಹಿರಿಯರೂ ಅದನ್ನೇ ಹೇಳುತ್ತಿದ್ದರು, ಆದರೆ ಅವರು ಐರ್ಲೆಂಡಿನವರಲ್ಲವಲ್ಲ!

ಕರ್ನಾಟಕ ಕಾಲೇಜಿನಲ್ಲಿ ಗಣಿತ ಓದಿ, 1958ರಲ್ಲಿ ಪದವಿ ಪಡೆದು, ಮುಂದೆ ಆಕ್ಸ್‌ಫರ್ಡಿಗೆ ಹೋದರು. 1961ರಲ್ಲಿ ಅವರ ‘ಯಯಾತಿ’ ನಾಟಕ ಅಚ್ಚಾದದ್ದು ಮಾತ್ರ ಇಲ್ಲಿಯ ಮನೋಹರ ಗ್ರಂಥಮಾಲೆಯಲ್ಲಿ. ಗ್ರಂಥಮಾಲೆಯ ಅಟ್ಟ ಎಂದರೆ ಆಗ ಪ್ರಕಾಶಕ ಜಿ.ಬಿ. ಜೋಶಿ ಮತ್ತು ವಿಮರ್ಶಕ ಕೀರ್ತಿನಾಥ ಕುರ್ತಕೋಟಿ ಇವರ ಪೀಠ. ಆ ಮೆಟ್ಟಿಲು ಹತ್ತಿ ಪಾಸಾಗಿ ಬಂದವನಿಗೆ ಕ್ಯಾಮರಾದ ಅಂಜಿಕೆ ಎಲ್ಲಿಯದು?

1970ರ ‘ಸಂಸ್ಕಾರ’ದಲ್ಲಿ ಪ್ರಾಣೇಶಾಚಾರ್ಯರಾದರು, ಎದುರಿಗೆ ನಾರಣಪ್ಪನಾಗಿ ಲಂಕೇಶ. ಕನ್ನಡಕ್ಕೆ ಮೊದಲ ಸ್ವರ್ಣಕಮಲ ತಂದ ಚಿತ್ರ ಅದು. ನನಗೆ ಆಚಾರ್ಯರು ಸ್ವಲ್ಪ ಬಿಗಿಯಾಗಿ ಕಂಡರು, ಪಾತ್ರವೇ ಬಿಗಿ ಎಂದು ಬಿಡಬಹುದು. ಹಾಲಿನ ಸಹಕಾರಿ ಸಂಘದ ಐದು ಲಕ್ಷ ರೈತರು ತಲಾ ಎರಡೆರಡು ರೂಪಾಯಿ ಹಾಕಿ ತೆಗೆಸಿದ ‘ಮಂಥನ್’ನಲ್ಲಿ ಡಾಕ್ಟರ್ ರಾವ್ ಆದರು. ಅಪ್ಪ ನಿಜವಾದ ಡಾಕ್ಟರು, ಮಗ ಸಿನಿಮಾದಲ್ಲಿ ದನದ ಡಾಕ್ಟರು. ‘ಮಾಲ್ಗುಡಿ ಡೇಸ್’ನಲ್ಲಿ ಸ್ವಾಮಿಯ ಅಪ್ಪ. ಆ ಅಪ್ಪ ಕನ್ನಡಕದ ಮೇಲಿಂದ ನೋಡಿದರೆ ಟಿ.ವಿ. ಮುಂದೆ ಕೂತ ನಮ್ಮ ಹುಡುಗರೂ ಪಾಟಿಪುಸ್ತಕ ಹುಡುಕುತ್ತಿದ್ದರು.

ಸಿನಿಮಾ ಹೊಟ್ಟೆಗೆ, ನಾಟಕ ಜೀವಕ್ಕೆ. ಅವರ ಹಂಚಿಕೆ ಹೆಚ್ಚುಕಡಿಮೆ ಹೀಗಿತ್ತು, ಅದನ್ನು ಮುಚ್ಚಿಡಲೂ ಇಲ್ಲ. ‘ಟೈಗರ್ ಜಿಂದಾ ಹೈ’ ಹೊತ್ತಿಗೆ ಶ್ವಾಸಕೋಶ ಸೋತಿತ್ತು. ಮೂಗಿನ ಆಕ್ಸಿಜನ್ ನಳಿಕೆ ಸಮೇತ ಪರದೆಗೆ ಬಂದರು. 2019ರ ಜೂನ್ 10ರಂದು ತೀರಿಕೊಂಡಾಗ, ಅವರ ಇಚ್ಛೆಯಂತೆ ಮಂತ್ರವೂ ಇಲ್ಲ, ಸರಕಾರಿ ಗೌರವವೂ ಇಲ್ಲ.

ಆದರೆ ಈ ಕಡೆಯವರು ಎಲ್ಲ ಬಿಟ್ಟು ಹಿಡಿದುಕೊಂಡದ್ದು 1990ರ ‘ಸಂತ ಶಿಶುನಾಳ ಶರೀಫ’ದ ಗೋವಿಂದ ಭಟ್ಟರನ್ನು. ಶರೀಫನಾಗಿ ಶ್ರೀಧರ, ಗುರುವಾಗಿ ಕಾರ್ನಾಡರು. ಶರೀಫರ ಶಿಶುನಾಳ, ಗುರುವಿನ ಕಳಸ ಎರಡೂ ಹುಬ್ಬಳ್ಳಿಯಿಂದ ಬಸ್ಸಿನ ದಾರಿ. ಮುಸಲ್ಮಾನ ಶಿಷ್ಯನಿಗೆ ಜನಿವಾರ ಹಾಕುವ ಬ್ರಾಹ್ಮಣನ ಪಾತ್ರ. ಗಂಟಲು ಹರಿದುಕೊಂಡು ಭಾಷಣ ಬಿಗಿಯಲು ಬೇಕಾದಷ್ಟು ಜಾಗವಿತ್ತು. ಇವರು ಅಂಥದ್ದೇನೂ ಮಾಡಲಿಲ್ಲ. ಶಿಷ್ಯನ ಮಾತು ಕೇಳುತ್ತ ಕೂಡುತ್ತಾರೆ, ತುಟಿಯ ಮೂಲೆಯಲ್ಲಿ ಒಂದಿಷ್ಟು ತುಂಟತನ.

“ಇದೇನ್ರೀ ಆಕ್ಟಿಂಗು, ಸುಮ್ಮನ ಕೂತಾನಲ್ರೀ?” ಎಂದು ಒಬ್ಬರು ಧಾರವಾಡದ ಕಟ್ಟೆಯ ಮೇಲೆ ತಕರಾರು ತೆಗೆದರು.

“ಸುಮ್ಮನ ಕೂಡೋದು ಸಣ್ಣ ವಿದ್ಯಾ ಅಲ್ರೀಪಾ,” ಅಂದರು ಇನ್ನೊಬ್ಬರು. “ನಿಮ್ಮ ಕಡೆ ಆಗತೈತೇನು ನೋಡ್ರಿ.”

ತಕರಾರಿನವರಿಗೆ ಎರಡು ನಿಮಿಷವೂ ಆಗಲಿಲ್ಲ.