ಸೋಡಾ ಚಿಟಿಕೆ, ಬೆಣ್ಣೆ ಧಾರಾಳ

ಬೇಲಿಯಾಚೆ ಮನೆಯ ಲಾಹೋರಿನ ಬಾಜಿಗೆ, ಅಂದರೆ ಅಕ್ಕನಿಗೆ, ಈಗ ಒಂದೇ ಹಟ. ಅಕ್ಟೋಬರ್ ಕೊನೆಯ ಭಾನುವಾರದ ಚಹಾಕ್ಕೆ ಬೀದಿಯ ಫ್ರೆಂಚರನ್ನೂ ಕರೆಯಬೇಕು, ತಮ್ಮ ಬಳಗವನ್ನೂ ಕರೆಯಬೇಕು, ಮೇಜಿನ ಮೇಲೆ ಎರಡೂ ಕಡೆಯ ತಿಂಡಿ ಇರಬೇಕು. ಪ್ಯಾರಿಸಿನ ಹೊರವಲಯದ ಈ ಬೀದಿಯಲ್ಲಿ ಅವರ ಉರ್ದುವಿಗೂ ನನ್ನ ಬೆಂಗಳೂರು ಹಿಂದಿಗೂ ಹೇಗೋ ಕೂಡಿಬಂದಿದೆ. ಹಾಗಾಗಿ ಬೇಲಿಗೆ ಆತುಕೊಂಡು ಸಲಹೆ ಕೊಡುವ ಸುಲಭದ ಕೆಲಸ ನನ್ನದು.

ಏಲಕ್ಕಿ ಮ್ಯಾಕರೋನ್, ಕೀಮಾ ಕ್ರ್ವಾಸಾನ್ ಎಂದೆಲ್ಲ ಅವರು ಪಟ್ಟಿ ಮಾಡಿಕೊಂಡಿದ್ದರು. ‘ಬಾಜಿ, ಕಲಸಬೇಡಿ. ಪಂಕ್ತಿಯಲ್ಲಿ ಅಕ್ಕಪಕ್ಕ ಕೂರಿಸಿ, ಸಾಕು’ ಅಂದೆ. ಅವು ಮೊದಲೇ ನೆಂಟರು ತಾನೆ? ನಾನ್ ಖತಾಯಿ ಎಂದರೆ ಮೈದಾ, ಸಕ್ಕರೆ, ತುಪ್ಪ. ತುಪ್ಪದ ಜಾಗಕ್ಕೆ ಬೆಣ್ಣೆ ಬಂದರೆ ಹೆಚ್ಚುಕಡಿಮೆ ಇಲ್ಲಿನ ಸಾಬ್ಲೆ ಬಿಸ್ಕತ್ತು. ಲಾಹೋರಿನ ಬೇಕರಿಗಳ ಚಿಕನ್ ಪ್ಯಾಟಿಸ್ ಅಂತೂ ನಮ್ಮ ಅಯ್ಯಂಗಾರ್ ಬೇಕರಿ ಪಫ್‌ನ ಮಾಂಸಾಹಾರಿ ಅಣ್ಣ! ಹಿಟ್ಟಿನ ನಡುವೆ ಕೊಬ್ಬಿಟ್ಟು ಮಡಚಿ ಲಟ್ಟಿಸುವ ಅದೇ ವಿದ್ಯೆಯನ್ನು ಫ್ರೆಂಚರು ಶುದ್ಧ ಬೆಣ್ಣೆಯಲ್ಲಿ ಮಾಡುತ್ತಾರೆ. ಆ ಹಾಳೆ ಇಲ್ಲಿ ಸೂಪರ್‌ಮಾರ್ಕೆಟ್ಟಿನಲ್ಲೇ ಸುರುಳಿ ಸುತ್ತಿ ಸಿಗುತ್ತದೆ. ಬಾಜಿ ಅದರೊಳಗೆ ಮೆಣಸಿನ ಪುಡಿ ಹಾಕಿದ ಕೋಳಿ ತುಂಬುತ್ತಾರೆ, ನನ್ನ ಪಾಲಿಗೆ ಆಲೂಗಡ್ಡೆ ಪಲ್ಯ.

ಫ್ರೆಂಚ್ ಸಿಹಿಗಳಲ್ಲಿ ಮಾತ್ರ ಹುಷಾರಾಗಿರಬೇಕು. ಬೋರ್ಡೋದ ಕನೆಲೆ ನೋಡಲು ಮುದ್ದು, ಹೊಟ್ಟೆಯಲ್ಲಿ ರಮ್. ಮೂಸ್ ಬಗೆಯವುಗಳಲ್ಲಿ ಜೆಲಾಟಿನ್ ಇರುವುದುಂಟು, ಹಲವು ಸಲ ಹಂದಿಯದು. ಬಾಜಿಯ ಬಳಗಕ್ಕೆ ಆಗದು, ನನಗೂ ಆಗದು. ಮ್ಯಾಡ್ಲೀನ್, ಸಾಬ್ಲೆ, ನಿಂಬೆ ಟಾರ್ಟ್ ಇಟ್ಟರೆ ಯಾರೂ ಪೊಟ್ಟಣದ ಹಿಂಬದಿ ಓದುತ್ತ ಕೂರಬೇಕಿಲ್ಲ.

ಇನ್ನು ಚಹಾ. ದೂಧ್ ಪತ್ತಿಗೆ ನೀರು ಸೋಕಿಸುವಂತಿಲ್ಲ, ಹಾಲಿನಲ್ಲೇ ಪುಡಿ ಕುದಿಯಬೇಕು. ನೀಲಿ ಮುಚ್ಚಳದ ಹಾಲಿನಲ್ಲಿ ಅರ್ಧ ಕೊಬ್ಬು ತೆಗೆದಿರುತ್ತಾರೆ, ಕೆಂಪು ಮುಚ್ಚಳದ್ದೇ ಬೇಕು. ಆದರೆ ಫ್ರೆಂಚರು ಕಣ್ಣರಳಿಸುವುದು ಗುಲಾಬಿ ಚಹಾಕ್ಕೆ, ಅಂದರೆ ಕಾಶ್ಮೀರಿ ಚಾಯ್‌ಗೆ. ಅದರ ಎಲೆಗೆಂದೇ ಬಾಜಿ ಗಾರ್ ದು ನೋರ್ ರೈಲು ನಿಲ್ದಾಣದ ಕಡೆಯ ಅಂಗಡಿಗಳಿಗೆ ಹೋಗುತ್ತಾರೆ. ಹಾಗೇ 1828ರಲ್ಲಿ ಕಟ್ಟಿದ ಗಾಜಿನ ಚಾವಣಿಯ ಪಸಾಜ್ ಬ್ರಾದಿಯಲ್ಲೂ ಒಂದು ಸುತ್ತು. ಅಲ್ಲಿನ ಇಂಡಿಯನ್, ಪಾಕಿಸ್ತಾನಿ ಹೋಟೆಲುಗಳ ಮಸಾಲೆ ವಾಸನೆ ಕುಡಿಯದೆ ಅವರಿಗೆ ಸಮಾಧಾನವಿಲ್ಲ.

ಆ ಹಸಿರು ಎಲೆಯನ್ನು ಚಿಟಿಕೆ ಅಡುಗೆ ಸೋಡಾ ಹಾಕಿ ಕುದಿಸುತ್ತಾರೆ. ನೀರು ಅರ್ಧಕ್ಕಿಳಿದಾಗ ತಣ್ಣೀರು ಸುರಿದು, ಸೌಟಿನಲ್ಲಿ ಎತ್ತಿ ಎತ್ತಿ ಹುಯ್ಯುತ್ತಾರೆ. ಸೋಡಾದ ಕ್ಷಾರವೂ ಗಾಳಿಯೂ ಸೇರಿ ಕಷಾಯ ಬೀಟ್‌ರೂಟ್ ಬೇಯಿಸಿದ ನೀರಿನ ಬಣ್ಣಕ್ಕೆ ತಿರುಗುತ್ತದೆ. ಹಾಲು ಬಿದ್ದರೆ ತಿಳಿ ಗುಲಾಬಿ. ಸೋಡಾ ಒಂಚೂರು ಹೆಚ್ಚಾಯಿತೋ, ಸೋಪಿನ ರುಚಿ. ಕಾಶ್ಮೀರದಲ್ಲಿ ಇದಕ್ಕೆ ಉಪ್ಪು, ಲಾಹೋರಿನಲ್ಲಿ ಹೆಚ್ಚಾಗಿ ಸಕ್ಕರೆ. ಮೇಲೆ ಪಿಸ್ತಾ, ಬಾದಾಮಿ ಚೂರು. ಬಣ್ಣದ ಪುಡಿ ಹಾಕಿ ಬೇಗ ಮುಗಿಸುವವರೂ ಇದ್ದಾರೆ, ಅವರ ಹೆಸರೆತ್ತಿದರೆ ಬಾಜಿ ಮೂಗು ಮುರಿಯುತ್ತಾರೆ.

ಚಹಾದ ವಿಷಯದಲ್ಲಿ ಅವರಲ್ಲಿ ಜಿಪುಣತನ ನಡೆಯದು. 2022ರ ಜೂನ್‌ನಲ್ಲಿ ಪಾಕಿಸ್ತಾನದ ಸಚಿವ ಅಹ್ಸಾನ್ ಇಕ್ಬಾಲ್, ಚಹಾವನ್ನು ಸಾಲ ತಂದು ಆಮದು ಮಾಡಿಕೊಳ್ಳುತ್ತಿದ್ದೇವೆ, ಒಂದೆರಡು ಕಪ್ ಕಡಿಮೆ ಕುಡಿಯಿರಿ ಎಂದು ಜನರನ್ನು ಕೇಳಿಕೊಂಡಿದ್ದರು. ಆ ಮಾತೆತ್ತಿದರೆ ಬಾಜಿ ಇನ್ನೊಂದು ಕಪ್ ಬಗ್ಗಿಸುತ್ತಾರೆ.

ಮೇಜಿನ ಅಲಂಕಾರಕ್ಕೆ ಅವರು ಸೇವಂತಿಗೆ ಕುಂಡ ತರಹೊರಟಿದ್ದರು, ಈ ತಿಂಗಳು ಎಲ್ಲ ಅಂಗಡಿಯಲ್ಲೂ ರಾಶಿ ರಾಶಿ ಇದೆ ಅಂತ. ತಡೆದೆ. ನವೆಂಬರ್ 1ರ ಹಬ್ಬದ ಸುಮಾರಿಗೆ ಫ್ರೆಂಚರು ಅದನ್ನು ಹಿರಿಯರ ಸಮಾಧಿಗೆ ಇಡುತ್ತಾರೆ. ಚಹಾದ ಮೇಜಿನ ಮೇಲೆ ಕಂಡರೆ ಬಂದವರ ಮುಖ ಸಪ್ಪಗಾಗುತ್ತದೆ. ದೇವರಿಗೂ ಜಡೆಗೂ ಅದನ್ನೇ ಮುಡಿಸುವ ನಮಗೆ ಇದು ಸುಲಭಕ್ಕೆ ಗಂಟಲಲ್ಲಿ ಇಳಿಯುವುದಿಲ್ಲ ಬಿಡಿ.

ದೊಡ್ಡ ತೊಡಕು ಗಡಿಯಾರದ್ದು. ಅದೇ ಭಾನುವಾರ ಇಲ್ಲಿ ಗಂಟೆಯನ್ನು ಹಿಂದಕ್ಕೆ ತಿರುಗಿಸುತ್ತಾರೆ. ಸಂಜೆ ಐದೂವರೆಗೆಲ್ಲ ಸೂರ್ಯ ಮುಳುಗಿ ಮಗ್ರಿಬ್ ನಮಾಜಿನ ಹೊತ್ತು. ನಾಲ್ಕಕ್ಕೆ ಕರೆದರೆ ಫ್ರೆಂಚರು ಮರ್ಯಾದೆಗೆಂದು ಕಾಲು ಗಂಟೆ ತಡವಾಗಿ ಬಂದು, ರಾತ್ರಿ ಎಂಟರ ಊಟ ಕೆಡದಂತೆ ಮ್ಯಾಡ್ಲೀನ್ ಕಚ್ಚಿ, ಆರಕ್ಕೆ ಎದ್ದುಬಿಡುತ್ತಾರೆ. ಬಾಜಿಯ ಬಳಗ ನಮಾಜು ಮುಗಿಸಿಯೇ ಬರುವುದು. ಅವರಿಗೆ ಇದು ಹೈ ಟೀ, ಎಂದರೆ ದಹಿ ಭಲ್ಲೆ, ಚನಾ ಚಾಟ್ ಎಲ್ಲ ಇರುವ ಅರ್ಧ ಊಟ. ಸಮೋಸವನ್ನು ಎರಡು ಸರದಿಯಲ್ಲಿ ಕರಿಯಲೇಬೇಕು.

‘ಹಾಗಾದರೆ ಮೊದಲ ಸರದಿಗೆ ಖಾರ ಕಡಿಮೆ ಮಾಡಲೇ?’ ಅಂದರು.

‘ಬೇಡ ಬಾಜಿ. ಪುದೀನ ಚಟ್ನಿಗೆ ಮೊಸರಿನಂಥ ಆ ಫ್ರೊಮಾಜ್ ಬ್ಲಾಂ ಎರಡು ಚಮಚ ಜಾಸ್ತಿ ಕಲಸಿಡಿ, ಅವರು ನೋಡಿಕೊಳ್ಳುತ್ತಾರೆ.’